ಬೆಳಗಿನ ಲಾ ಸ್ವರ

ಗಡ್ಡಕ್ಕೆ ಸೋಪು ಹಚ್ಚುವ ಮೊದಲು ಅಶಿಲ್ ಬ್ರಿದೂ ಅವರು ಬಚ್ಚಲುಮನೆಯಲ್ಲಿ ನಿಂತು ಸ್ವರವೊಂದನ್ನು ಹಾಡುತ್ತಿದ್ದರು. ಹಾಡಲ್ಲ, ಒಂದೇ ಸ್ವರ, ಉಸಿರು ಮುಗಿಯುವವರೆಗೆ. ಆಗ ಅವರ ಹೆಂಡತಿ ಸೊಲಾಂಜ್ ಅಡುಗೆಮನೆಯಿಂದ ಬಂದು, ಬಾಗಿಲ ಪಕ್ಕದ ಮೇಜಿನ ಮೇಲಿದ್ದ ಫೋನಿನ ರಿಸೀವರ್ ಎತ್ತಿ ಕಿವಿಗಿಟ್ಟುಕೊಳ್ಳುತ್ತಿದ್ದರು. ನಮ್ಮಲ್ಲಿ ಫೋನೆತ್ತಿದಾಗ ಕೇಳುವ ಆ ಉದ್ದನೆಯ ಸದ್ದು ಸರಿಯಾಗಿ ಲಾ ಸ್ವರ, ರೆ, ಮಿ, ಫಾ ಎಂದು ನಾವು ಹೇಳುವ ಏಳು ಸ್ವರಗಳಲ್ಲಿ ಒಂದು. ವಾದ್ಯಗಾರರೆಲ್ಲ ಶ್ರುತಿ ಕೂಡಿಸುವುದು ಲಾ ಸ್ವರಕ್ಕೇ. ಹಾಗಾಗಿ ಮನೆಯಲ್ಲಿ ಬೇರೇನೂ ಸಾಧನ ಇಲ್ಲದವರು ಫೋನೆತ್ತಿ ಪಿಟೀಲು ಸರಿಮಾಡಿಕೊಳ್ಳುವುದುಂಟು.

"ಸರಿ ಇದೆ!" ಎಂದು ಸೊಲಾಂಜ್ ಕೂಗುತ್ತಿದ್ದರು.

"ಸರಿ ಇರೋದು ಫೋನೋ, ನಾನೋ?"

"ಇಬ್ರೂ ಸರಿ ಇದೀರ. ಬೇಗ ಬಾ, ಕಾಫಿ ಆರ್ತಿದೆ."

ಮದುವೆಯಾದ ಹೊಸತರಲ್ಲಿ ತಮಾಷೆಗೆ ಶುರುವಾದದ್ದು, ಆಮೇಲೆ ಅಭ್ಯಾಸವಾಯಿತು. ಕಿಟಕಿ ತೆರೆದು ಮಳೆ ಇದೆಯೇ ಎಂದು ನೋಡುವ ಹಾಗೆ ಈ ಮನೆಯಲ್ಲಿ ದಿನವೂ ಲಾ ಇದೆಯೇ ಎಂದು ನೋಡುತ್ತಿದ್ದರು. ಇದನ್ನೆಲ್ಲ ನನಗೆ ಹೇಳಿದವರು ಸೊಲಾಂಜ್. ಅವರಿದ್ದ ಕಟ್ಟಡದ ಕಾವಲು ಕೋಣೆ ನಮ್ಮಜ್ಜಿ ಮದಾಂ ಪೊಮಿಯೆಯದು. ಮಧ್ಯಾಹ್ನ ನಾನೂ ಸೊಲಾಂಜೂ ಅಲ್ಲಿ ಕೂತು ಬಟಾಣಿ ಬಿಡಿಸುವಾಗ ಅವರು ಸ್ವಲ್ಪಸ್ವಲ್ಪವಾಗಿ ಹೇಳಿದರು. ನನಗೆ ಖಚಿತವಿಲ್ಲದ್ದನ್ನು ಎರಡು ಸಲ ಕೇಳಿಕೊಂಡೇ ಬರೆದಿದ್ದೇನೆ.

ಬ್ರಿದೂ ಅವರ ಕೆಲಸ ಸಿನಿಮಾಕ್ಕೆ ಸಂಗೀತ ಬರೆಯುವುದು. ಜ್ವಾಂವಿಲ್‌ನಲ್ಲಿ, ಮಾರ್ನ್ ನದಿಯ ದಂಡೆಯ ಮೇಲೆ, ಆಗ ಸ್ಟುಡಿಯೋಗಳು ಇನ್ನೂ ನಡೆಯುತ್ತಿದ್ದವು. ಊರಿನ ಅರ್ಧ ಜನಕ್ಕೆ ಅಲ್ಲಿ ಒಂದಲ್ಲ ಒಂದು ಕೆಲಸ. ಒಬ್ಬರು ಸೆಟ್ಟಿಗೆ ಬಣ್ಣ ಬಳಿಯುವವರು, ಒಬ್ಬರು ಟೋಪಿ ಹೊಲಿಯುವವರು, ಇವರು ಹೆದರಿಸುವವರು. ಹಾಗೆಂದೇ ಬೀದಿಯವರು ಹೇಳುತ್ತಿದ್ದರು. ಪ್ರೇಮದ ಹಾಡು, ಮದುವೆಯ ಕುಣಿತ ಇವೆಲ್ಲ ದೊಡ್ಡ ಹೆಸರಿನವರ ಪಾಲಿಗೆ ಹೋಗುತ್ತಿದ್ದವು. ಕೊಲೆಗೆ ಮುಂಚಿನ ಒಂದು ನಿಮಿಷ ಮಾತ್ರ ಬ್ರಿದೂ ಅವರಿಗೆ ಬರುತ್ತಿತ್ತು. ಪರದೆಯ ಮೇಲೆ ಅವರ ಹೆಸರು ಸಣ್ಣಕ್ಷರದಲ್ಲಿ, ಕೆಲವು ಚಿತ್ರಗಳಲ್ಲಿ ಕೂದಲು ಬಾಚುವವಳ ಹೆಸರಾದ ಮೇಲೆ ಬರುತ್ತಿತ್ತು.

"ಏನ್ ಮೊಸಿಯೊ ಬ್ರಿದೂ, ಇವತ್ತು ಯಾರನ್ನ ಮುಗಿಸಿದ್ರಿ?" ಎಂದು ಮಾಂಸದಂಗಡಿಯವನು ಕೇಳುತ್ತಿದ್ದ.

"ಇನ್ನೂ ಮೆಟ್ಟಿಲು ಹತ್ತುತಾ ಇದಾನೆ. ನಾಳೆ ಮುಗಿಸ್ತೀನಿ. ಮೊಲದ ತೊಡೆ ಕೊಡಿ, ಎಳೇದಿರಲಿ."

ಅವರದು ಒಂದು ವಿಶೇಷ ರೀತಿ ಇತ್ತು. ದೃಶ್ಯದೊಳಗೆ ನಿಜವಾಗಿ ಕೇಳುವ ಯಾವುದಾದರೂ ಸದ್ದನ್ನು ಮೊದಲು ಹಿಡಿಯುತ್ತಿದ್ದರು, ದೋಣಿಯ ಕೊಂಬನ್ನೋ ಗಡಿಯಾರವನ್ನೋ ಬಾವಿಯ ರಾಟೆಯನ್ನೋ. ಅದರ ಸ್ವರ ಯಾವುದೆಂದು ಕೇಳಿದ ಕೂಡಲೇ ಅವರಿಗೆ ಗೊತ್ತಾಗುತ್ತಿತ್ತು, ನಮಗೆ ಬಣ್ಣ ಗೊತ್ತಾಗುವ ಹಾಗೆ. ಸಂಗೀತ ಅದೇ ಸ್ವರದಿಂದ ಮೆಲ್ಲಗೆ ಹುಟ್ಟಬೇಕು. ಸದ್ದು ಎಲ್ಲಿ ಮುಗಿಯಿತು, ಸಂಗೀತ ಎಲ್ಲಿ ಶುರುವಾಯಿತು ಎಂದು ನೋಡುವವರಿಗೆ ತಿಳಿಯಬಾರದು. ಕಾಲುವೆಯ ಗೇಟು ಕಾಯುವವನ ಬಗ್ಗೆ ಒಂದು ಚಿತ್ರವಿತ್ತು. ಅದರ ಶುರುವಿನಲ್ಲಿ ಗೇಟಿನ ಗಂಟೆ ಹೊಡೆಯುತ್ತದೆ, ರೆ ಸ್ವರದಲ್ಲಿ. ಗಂಟೆಯ ಗುಂಯ್ ನಿಲ್ಲುವುದೇ ಇಲ್ಲ. ಸ್ವಲ್ಪ ಹೊತ್ತಿನ ಮೇಲೆ ಅದು ಗಂಟೆಯಲ್ಲ, ಕತ್ತಲಲ್ಲಿ ಎಲ್ಲೋ ಪಿಟೀಲುಗಳು ಎಂದು ಹೊಳೆಯುತ್ತದೆ. ಅಷ್ಟರಲ್ಲಿ ಬೆನ್ನಮೇಲೆ ತಣ್ಣಗಾಗಿರುತ್ತದೆ. ಆ ಗಂಟೆಯ ಸ್ವರ ಹಿಡಿಯಲು ಅವರು ತಾವೇ ಗೇಟಿನ ಹತ್ತಿರ ಹೋಗಿ ನಿಂತು ಬಂದಿದ್ದರು.

ಅವರ ಮನೆಯಲ್ಲಿ ಪಿಯಾನೊ ಇರಲಿಲ್ಲ. ಮೇಜಿನ ಮುಂದೆ ಕೂತು, ಬಾಯಿಮುಚ್ಚಿ ಗುನುಗುತ್ತ ಬರೆಯುತ್ತಿದ್ದರು. ಒಬ್ಬೊಬ್ಬ ವಾದ್ಯಗಾರನಿಗೂ ಬೇಕಾದ ಹಾಳೆಗಳನ್ನು ಸೊಲಾಂಜ್ ನಕಲು ಮಾಡುತ್ತಿದ್ದರು. ಪಿಯಾನೊ ಯಾಕಿಲ್ಲ ಎಂದರೆ ಅದಕ್ಕೊಂದು ಕಾರಣವಿತ್ತು, ಅವರ ಅಪ್ಪ.

ಅಪ್ಪ ಬ್ರಿದೂ ಮನೆಮನೆಗೆ ಹೋಗಿ ಪಿಯಾನೊ ಶ್ರುತಿ ಮಾಡುತ್ತಿದ್ದವರು. ತಟ್ಟಿದರೆ ಸರಿಯಾದ ಸ್ವರ ಕೊಡುವ ಶ್ರುತಿಕವೆಯನ್ನು ಚೀಲದಿಂದ ಹೊರಗೆ ತೆಗೆಯುತ್ತಲೇ ಇರಲಿಲ್ಲ. "ನನ್ನ ಕಿವಿಗಿಂತ ಆ ಕಬ್ಬಿಣದ ತುಂಡು ಹೆಚ್ಚಾ?" ಎನ್ನುತ್ತಿದ್ದರು. ಐವತ್ತೆಂಟು ದಾಟಿದ ಒಂದು ಚಳಿಗಾಲ, ಸನ್ಯಾಸಿನಿಯರ ಶಾಲೆಯೊಂದರಲ್ಲಿ ಅವರು ಶ್ರುತಿ ಮಾಡಿ ಹೋದ ಪಿಯಾನೊದ ಜೊತೆ ಹುಡುಗಿಯೊಬ್ಬಳು ಕೊಳಲು ಊದಿದಳು. ಕೇಳುತ್ತಿದ್ದವರು ಹಲ್ಲು ಕಚ್ಚಿಕೊಂಡರು. ಪಿಯಾನೊ ಪೂರ್ತಿ ಅರ್ಧ ಸ್ವರ ಕೆಳಗಿತ್ತು. ಅಪ್ಪನಿಗೆ ಮಾತ್ರ ಅದೇ ಸರಿಯಾಗಿ ಕೇಳುತ್ತಿತ್ತು, ಕೊಳಲೇ ಮೇಲಿತ್ತು. ಕಿವಿ ಕಿವುಡಾಗಿರಲಿಲ್ಲ. ಒಳಗೆ ಏನೋ ಒಂದು ತನ್ನ ಜಾಗ ಬಿಟ್ಟು ಪಕ್ಕಕ್ಕೆ ಸರಿದಿತ್ತು. ಆಮೇಲೆ ಲೋಕದ ಎಲ್ಲ ಸಂಗೀತವೂ ಅವರಿಗೆ ಅರ್ಧ ಸ್ವರ ಮೇಲೆ ಕೇಳತೊಡಗಿತು, ಇಗರ್ಜಿಯ ಗಂಟೆ ಕೂಡ. ಯಾರಾದರೂ ಹಾಡಿದರೆ ಎದ್ದು ಹೊರಗೆ ಹೋಗುತ್ತಿದ್ದರು. ಕೊನೆಯ ವರ್ಷಗಳಲ್ಲಿ ಮನೆಯ ಗಡಿಯಾರದ ಗಂಟೆಗೆ ಬಟ್ಟೆ ಸುತ್ತಿದ್ದರು. ಅದನ್ನೆಲ್ಲ ಕಂಡ ಮಗ ತನ್ನ ಮನೆಗೆ ಪಿಯಾನೊ ತರಲೇ ಇಲ್ಲ.

ನಾನು ಹೇಳಬೇಕಾದ ಕಥೆ ಶುರುವಾಗುವಾಗ ಅಶಿಲ್ ಬ್ರಿದೂ ಅವರಿಗೆ ಐವತ್ತೇಳು.

ಆ ಹೊತ್ತಿಗೆ ಕೆಲಸ ತೀರ ಕಡಿಮೆಯಾಗಿತ್ತು. ಹೊಸ ನಿರ್ದೇಶಕರಿಗೆ ಗಿಟಾರು ಬೇಕಿತ್ತು. ಆಗ ಸರಜಾಕ್ ಎಂಬ ಗಟ್ಟಿ ಗಂಟಲಿನ ನಿರ್ದೇಶಕ ಫೋನ್ ಮಾಡಿ, ಗಾಜಿನ ಕಾರ್ಖಾನೆಯಲ್ಲಿ ನಡೆಯುವ ಕೊಲೆಗಳ ಚಿತ್ರವೊಂದನ್ನು ಮಾಡುತ್ತಿದ್ದೇನೆ, ಹೆದರಿಕೆಯೆಲ್ಲ ನಿಮ್ಮದೇ ಎಂದ. ಈ ಕೆಲಸ ಚೆನ್ನಾಗಿ ಆದರೆ ಮುಂದಿನದೂ ನಿಮಗೇ ಎಂದೂ ಸೇರಿಸಿದ. ಬ್ರಿದೂ ಅವರು ಫೋನ್ ಇಟ್ಟು ಸೊಲಾಂಜ್‌ರ ಕೈ ಹಿಡಿದು ಅಡುಗೆಮನೆಯಲ್ಲಿ ಒಂದು ಸುತ್ತು ಕುಣಿದರಂತೆ.

ಅದಾದ ಮೊದಲ ಭಾನುವಾರವೇ ಟೀವಿಯಲ್ಲಿ ಕಾಲುವೆ ಗೇಟಿನ ಚಿತ್ರ ಬರುವುದಿತ್ತು. ಬ್ರಿದೂ ಅವರ ಮನೆಯಲ್ಲಿ ಟೀವಿ ಇರಲಿಲ್ಲ. ಅಂಗೈ ಅಗಲದ ಪರದೆಯಲ್ಲಿ ಯಾರು ಹೆದರುತ್ತಾರೆ ಎಂದು ಅವರು ಅದರ ಕಡೆ ಕಣ್ಣೆತ್ತಿಯೂ ನೋಡಿದವರಲ್ಲ. ನಮ್ಮಜ್ಜಿಯೇ ಮೇಲೆ ಹೋಗಿ ಕರೆದುಕೊಂಡು ಬಂದಳು.

"ಬನ್ನಿ ಮೊಸಿಯೊ ಬ್ರಿದೂ, ಇಡೀ ಕಟ್ಟಡ ನಮ್ಮ ಕೋಣೇಲಿದೆ. ನೀವಿಲ್ದೆ ನಾವು ಹೆದರ್ಕೊಳೋದು ಹೇಗೆ?"

"ಹೆದರ್ಕೊಂಡ ಮೇಲೆ ಬಿಲ್ ಕಳಿಸ್ತೀನಿ, ಮದಾಂ ಪೊಮಿಯೆ."

ಸಂಜೆಯ ಬೆಳಕು ಇನ್ನೂ ಕಿಟಕಿಯಲ್ಲಿತ್ತು. ಎಲ್ಲರೂ ಕುರ್ಚಿ ಎಳೆದುಕೊಂಡು ಕೂತಿದ್ದರು. ಬ್ರಿದೂ ಅವರಿಗೆ ಎದುರಿನ ಜಾಗ. ಪರದೆಯ ಮೇಲೆ ಮಂಜು, ಕಾಲುವೆ, ಗೇಟು. ಗಂಟೆ ಹೊಡೆಯಿತು.

ಅದು ರೆ ಆಗಿರಲಿಲ್ಲ.

ಅಜ್ಜಿ ಹೇಳುವ ಪ್ರಕಾರ ಅವರು ಗಂಟೆ ಕೇಳಿದ ಕೂಡಲೇ ತಿರುಗಿ ಬಾಗಿಲ ಕಡೆ ನೋಡಿದರು, ಯಾರೋ ಒಳಗೆ ಬಂದ ಹಾಗೆ. ಆಮೇಲೆ ಪಿಟೀಲುಗಳು ಬಂದವು. ಅವೂ ಅಷ್ಟೇ ಮೇಲೆ. ತಾನೇ ಬರೆದ, ತಾನೇ ನಿಂತು ನುಡಿಸಿದ ಪ್ರತಿಯೊಂದು ಸ್ವರವೂ ಸುಮಾರು ಅರ್ಧ ಸ್ವರ ಮೇಲೆ ಸರಿದು ಕೂತಿತ್ತು. ಸುತ್ತಲಿನವರು ಉಸಿರು ಹಿಡಿದು ಪರದೆ ನೋಡುತ್ತಿದ್ದರು. ಚಿತ್ರ ಮುಗಿದಾಗ ಚಪ್ಪಾಳೆ ತಟ್ಟಿದರು. ಬ್ರಿದೂ ಅವರ ಮುಖ ಸುಣ್ಣದ ಹಾಗಿತ್ತು.

"ನೋಡಿ, ತಮ್ಮ ಸಂಗೀತಕ್ಕೆ ತಾವೇ ಹೆದರಿದಾರೆ!" ಎಂದು ಮಾಂಸದಂಗಡಿಯವನು ನಕ್ಕ. ಎಲ್ಲರೂ ನಕ್ಕರು.

ಮರುದಿನ ಬೆಳಗ್ಗೆ ಬಚ್ಚಲುಮನೆಯಿಂದ ಸ್ವರ ಬರಲಿಲ್ಲ. ಸೊಲಾಂಜ್ ಫೋನಿನ ಹತ್ತಿರ ನಿಂತು ಕಾದರು.

"ಏನಾಯ್ತು? ಲಾ ಎಲ್ಲಿ?"

"ಗಂಟಲು ಕಟ್ಟಿದೆ."

ಮರುದಿನವೂ ಗಂಟಲು ಕಟ್ಟಿತ್ತು. ಅದರ ಮರುದಿನವೂ. ಆಮೇಲೆ ಸೊಲಾಂಜ್ ಕೇಳುವುದನ್ನು ಬಿಟ್ಟರು, ಆದರೆ ಗಮನಿಸುತ್ತಿದ್ದರು. ಗಂಡ ಫೋನನ್ನು ಮುಟ್ಟುತ್ತಿರಲಿಲ್ಲ. ಅದರ ಮುಂದೆ ಹಾದುಹೋಗಬೇಕಾದರೆ ಗೋಡೆಗೆ ಒತ್ತಿಕೊಂಡು ಹೋಗುತ್ತಿದ್ದರು, ನಾಯಿ ಕಟ್ಟಿದ ಕಡೆ ಹೋಗುವ ಹಾಗೆ. ಆ ಕರಿಯ ಪೆಟ್ಟಿಗೆಯೊಳಗೆ ಲಾ ಕಾಯುತ್ತ ಕೂತಿತ್ತು. ಎತ್ತಿ ಕೇಳಿದರೆ ಒಂದು ಕ್ಷಣದಲ್ಲಿ ಗೊತ್ತಾಗಿಬಿಡುತ್ತಿತ್ತು. ಗೊತ್ತಾಗಬಾರದು ಎಂದೇ ಅವರು ಎತ್ತಲಿಲ್ಲ. ಕೇಳದಿರುವವರೆಗೆ ತನ್ನ ಕಿವಿ ತನ್ನದೇ ಎಂದುಕೊಳ್ಳಬಹುದಿತ್ತು.

ಸೊಲಾಂಜ್ ಸಂತೆಗೆ ಹೋದಾಗ ಫೋನ್ ಬಡಿದುಕೊಂಡು ಬಡಿದುಕೊಂಡು ನಿಲ್ಲುತ್ತಿತ್ತು. ಕೊನೆಗೆ ಸರಜಾಕ್ ತಾನೇ ಮೆಟ್ಟಿಲು ಹತ್ತಿ ಬಂದ.

"ಬ್ರಿದೂ, ಫೋನ್ ಇಟ್ಕೊಂಡಿರೋದು ಅಲಂಕಾರಕ್ಕಾ? ಸತ್ತೋದ್ರಿ ಅಂದ್ಕೊಂಡೆ. ಇನ್ನೊಬ್ಬನ್ನ ಹುಡುಕ್ಬೇಕಾ ಹೇಳಿ, ಹುಡುಕ್ತೀನಿ."

"ಬೇಡ. ಬರ್ತೀನಿ. ಚಿತ್ರ ತೋರಿಸಿ."

ಸ್ಟುಡಿಯೋದ ಸಣ್ಣ ಕೋಣೆಯಲ್ಲಿ ಅವರಿಗೆ ಚಿತ್ರ ತೋರಿಸಿದರು. ಗಾಜಿನ ಕಾರ್ಖಾನೆ, ಕುಲುಮೆಯ ಬೆಂಕಿ, ಕೆಲಸಗಾರರು ಹೊರಟುಹೋದ ಮೇಲೆ ಉಳಿದ ಒಬ್ಬನೇ ಒಬ್ಬ. ಆಗ ಕಾರ್ಖಾನೆಯ ಸೈರನ್ ಕೂಗುತ್ತದೆ. ಅವನು ತಲೆ ಎತ್ತುತ್ತಾನೆ. ಆ ಹೊತ್ತಿನಲ್ಲಿ ಸೈರನ್ ಕೂಗಬಾರದು.

ಬ್ರಿದೂ ಅವರಿಗೆ ಸೈರನ್ ಫಾ ಎಂದು ಕೇಳಿಸಿತು. ಸ್ಪಷ್ಟವಾಗಿ ಫಾ. ಅವರು ಕತ್ತಲಲ್ಲಿ ಕೂತು ಲೆಕ್ಕ ಹಾಕಿದರು. ನನ್ನ ಕಿವಿ ಈಗ ಎಲ್ಲವನ್ನೂ ಅರ್ಧ ಸ್ವರ ಮೇಲೆ ಹೇಳುತ್ತಿದೆ. ನನಗೆ ಫಾ ಎಂದು ಕೇಳಿದರೆ ನಿಜವಾಗಿ ಇರುವುದು ಅದಕ್ಕಿಂತ ಅರ್ಧ ಸ್ವರ ಕೆಳಗಿನ ಮಿ. ಅಪ್ಪ ತನ್ನ ಕಿವಿಯನ್ನು ನಂಬಿ ಕೆಟ್ಟರು. ನಾನು ನಂಬುವುದಿಲ್ಲ.

ಅವರು ಇಡೀ ದೃಶ್ಯದ ಸಂಗೀತವನ್ನು ಮಿ ಸ್ವರದಿಂದ ಎಬ್ಬಿಸಿ ಬರೆದರು. ಸೊಲಾಂಜ್ ನಕಲು ಮಾಡಿದರು. ಬರೆಯುವಾಗ ಗಂಡ ಗುನುಗುತ್ತಿಲ್ಲ ಎಂಬುದು ಅವರಿಗೆ ವಿಚಿತ್ರವಾಗಿ ಕಂಡಿತು. ಮನೆಯಲ್ಲಿ ಅಷ್ಟು ಮೌನ ಎಂದೂ ಇರಲಿಲ್ಲವಂತೆ.

ರೆಕಾರ್ಡಿಂಗ್ ದಿನ ವಾದ್ಯಗಾರರು ಬಂದು ಕೂತರು. ಸದ್ದು ಹಿಡಿಯುವವನು ಕೆಮೆನೆರ್ ಎಂಬ ಬ್ರೆಟನ್ ಸೀಮೆಯವನು, ಬ್ರಿದೂ ಅವರ ಎಷ್ಟೋ ಚಿತ್ರಗಳಲ್ಲಿ ಜೊತೆಗಿದ್ದವನು. ಮೇಷ್ಟ್ರು ಯಾವಾಗಲೂ ಎಲ್ಲರಿಗಿಂತ ಮುಂಚೆ ಬಂದು ನಿಲ್ಲುವವರು, ಇವತ್ತು ಕಾಣುತ್ತಿಲ್ಲ ಎಂದು ಅವನು ಹೊರಗೆ ಬಂದು ನೋಡಿದ. ಬ್ರಿದೂ ಅವರು ಮೆಟ್ಟಿಲ ಮೇಲೆ, ಎರಡು ಕಿವಿಗೂ ಅಂಗೈ ಒತ್ತಿ ಕೂತಿದ್ದರು. ಒಳಗೆ ಓಬೋ ವಾದ್ಯದವನು ಶ್ರುತಿಗಾಗಿ ಲಾ ಊದುತ್ತಿದ್ದ. ಅದು ನಿಂತ ಮೇಲೆ ಅವರು ಎದ್ದು ಒಳಗೆ ಹೋದರು.

ಪರದೆಯ ಮೇಲೆ ಚಿತ್ರ ಓಡಿತು. ಕುಲುಮೆ, ಒಬ್ಬನೇ ಮನುಷ್ಯ, ಸೈರನ್. ಬ್ರಿದೂ ಅವರು ಕೈ ಎತ್ತಿದರು. ದೊಡ್ಡ ಪಿಟೀಲುಗಳ ಕೊನೆಯ ದಪ್ಪ ತಂತಿ ನಡುಗಿತು.

ಎರಡು ಕಬ್ಬಿಣದ ಬಾಗಿಲು ಒಂದಕ್ಕೊಂದು ಉಜ್ಜಿದ ಹಾಗಾಯಿತು. ಸೈರನ್ ಫಾದಲ್ಲಿ ಕೂಗುತ್ತಿತ್ತು, ತಂತಿಗಳು ಮಿಯಲ್ಲಿ ಅರೆಯುತ್ತಿದ್ದವು. ಕೊಳಲಿನವಳೊಬ್ಬಳು ಕಣ್ಣು ಮುಚ್ಚಿಕೊಂಡಳು. ಒಬ್ಬೊಬ್ಬರಾಗಿ ಕೈ ನಿಲ್ಲಿಸಿದರು.

ದೊಡ್ಡ ಪಿಟೀಲಿನ ಬೆಬೆರ್ ಎಂಬ ದಪ್ಪನೆಯವನು ಬಿಲ್ಲು ಕೆಳಗಿಟ್ಟ. "ಮೇಷ್ಟ್ರೇ, ಕೊಲೆಗಾರ ಬರೋ ಮುಂಚೆ ನಾವೇ ಕೊಂದ್ಬಿಟ್ವಾ?"

ಎಲ್ಲರೂ ನಕ್ಕರು. ಗಾಜಿನ ಹಿಂದಿನ ಕೋಣೆಯಿಂದ ಸರಜಾಕ್ ಗರ್ಜಿಸಿದ. "ಇದೇನ್ರೀ ಇದು? ಸಂಗೀತವಾ, ಹಲ್ಲುನೋವಾ?"

ಬ್ರಿದೂ ಅವರು ನಿಂತಲ್ಲೇ ಕೂತುಬಿಟ್ಟರು. ಕೆಮೆನೆರ್ ಓಡಿಬಂದು ಪಕ್ಕದಲ್ಲಿ ಮಂಡಿಯೂರಿದ.

"ಏನಾಯ್ತು ಮೇಷ್ಟ್ರೇ?"

"ಮುಗೀತು ಕೆಮೆನೆರ್. ನನ್ನ ಕಿವಿ ಅಪ್ಪನ ದಾರಿ ಹಿಡೀತು. ಎಲ್ಲಾ ಮೇಲೆ ಕೇಳ್ತಿದೆ. ಸರಿಮಾಡಿ ಬರೆಯೋಣ ಅಂತ ಹೋಗಿ, ಅದೂ ಕೆಟ್ಟಿತು."

"ಯಾವತ್ತಿಂದ?"

"ಆ ಭಾನುವಾರದಿಂದ. ಟೀವಿಯಲ್ಲಿ ನಮ್ಮ ಕಾಲುವೆ ಚಿತ್ರ ಬಂತಲ್ಲ. ಗಂಟೆ ರೆ ಅಲ್ಲ, ಅದಕ್ಕಿಂತ ಮೇಲೆ. ಪಿಟೀಲೂ ಮೇಲೆ."

ಕೆಮೆನೆರ್ ಜೋರಾಗಿ ನಕ್ಕುಬಿಟ್ಟ. ಆಮೇಲೆ ಅವರ ಮುಖ ನೋಡಿ ಬಾಯಿ ಮುಚ್ಚಿದ.

"ಮೇಷ್ಟ್ರೇ, ಮೇಲಿದ್ದದ್ದು ನಿಮ್ಮ ಕಿವಿಯಲ್ಲ, ಟೀವಿ. ಸಿನಿಮಾಮಂದಿರದಲ್ಲಿ ಸೆಕೆಂಡಿಗೆ ಇಪ್ಪತ್ನಾಲ್ಕು ಚಿತ್ರ ಓಡುತ್ತೆ. ಟೀವಿಯವರು ಇಪ್ಪತ್ತೈದು ಓಡಿಸ್ತಾರೆ, ಅವರ ಯಂತ್ರ ಇರೋದೇ ಹಾಗೆ. ಎಲ್ಲಾ ಒಂಚೂರು ಬೇಗ, ಸ್ವರಾನೂ ಒಂಚೂರು ಮೇಲೆ. ಬೇರೆಯವರಿಗೆ ಗೊತ್ತೇ ಆಗಲ್ಲ. ನಿಮಗೆ ಗೊತ್ತಾಯ್ತು ಅಂದ್ರೆ ನಿಮ್ಮ ಕಿವಿ ಕೂದಲು ಸೀಳೋಷ್ಟು ಚೂಪಾಗಿದೆ ಅಂತ ಅರ್ಥ."

ಅವರು ನಂಬಲಿಲ್ಲ. ಕೆಮೆನೆರ್ ಓಬೋದವನ ಕಡೆ ತಿರುಗಿದ. "ಲಾ ಕೊಡಪ್ಪ."

ಬ್ರಿದೂ ಅವರ ಕೈ ಕಿವಿಯ ಕಡೆ ಏರಿತು. ಕೆಮೆನೆರ್ ಆ ಕೈಯನ್ನು ಹಿಡಿದುಕೊಂಡ. ಓಬೋ ಊದಿತು.

ಅದು ಲಾ ಆಗಿತ್ತು.

"ಇನ್ನೊಂದ್ಸಲ," ಎಂದರು. ಮತ್ತೆ ಲಾ. "ಇನ್ನೊಂದು." ಕೊನೆಗೆ ಓಬೋದವನು ಕೆಂಪಗಾಗಿ, "ಮೇಷ್ಟ್ರೇ, ಉಸಿರು ತಗೊಳೋಕೆ ಬಿಡಿ, ಮನೇಲಿ ಮಕ್ಕಳಿದಾವೆ," ಎಂದ.

ಆಮೇಲೆ ಎಲ್ಲ ಸಲೀಸಾಯಿತು. ವಾದ್ಯಗಾರರು ಹಾಳೆ ಬದಲಿಸದೆಯೇ ಪ್ರತಿ ಸ್ವರವನ್ನೂ ಅರ್ಧ ಮೇಲೆ ಓದಿಕೊಂಡು ನುಡಿಸಿದರು. ಸೈರನ್ ಕೂಗಿತು, ನಿಲ್ಲಲಿಲ್ಲ, ನಿಲ್ಲದೆ ತಂತಿಗಳೊಳಗೆ ಇಳಿಯಿತು. ಸರಜಾಕ್ ಹೊರಗೆ ಬಂದು ತನ್ನ ತೋಳಿನ ರೋಮ ತೋರಿಸಿದ. ಮುಂದಿನ ಚಿತ್ರವೂ ನಿಮ್ಮದೇ ಎಂದ. ನದಿಯ ದಂಡೆಯ ಕಾಫಿಖಾನೆಯಲ್ಲಿ ಎಲ್ಲರೂ ಕುಡಿದರು. ಬೆಬೆರ್ ಮೇಜು ಕುಟ್ಟಿ ಹೇಳಿದ, "ಇಪ್ಪತ್ನಾಲ್ಕಕ್ಕೆ ಒಂದು ಗ್ಲಾಸು, ಇಪ್ಪತ್ತೈದಕ್ಕೆ ಇನ್ನೊಂದು!"

ಮರುದಿನ ಬೆಳಗ್ಗೆ ಬಚ್ಚಲುಮನೆಯಿಂದ ಲಾ ಬಂತು. ಸೊಲಾಂಜ್ ಫೋನೆತ್ತಿದರು. "ಸರಿ ಇದೆ!" ಎಂದು ಕೂಗಿ, ರಿಸೀವರ್ ಎದೆಗೆ ಒತ್ತಿಕೊಂಡು ಅಲ್ಲೇ ಅತ್ತರಂತೆ. ಬ್ರಿದೂ ಅವರಿಗೆ ಅದು ಗೊತ್ತಿಲ್ಲ. ಆದರೆ ತಾವಾಗಿ ಫೋನೆತ್ತಿ ಲಾ ಕೇಳುವ ಧೈರ್ಯ ಅವರಿಗೆ ಆಮೇಲೂ ಬರಲಿಲ್ಲ. ಯಾರಿಗಾದರೂ ಫೋನ್ ಮಾಡಬೇಕಿದ್ದರೆ ನಂಬರು ತಿರುಗಿಸುವುದು ಸೊಲಾಂಜ್‌ರ ಕೆಲಸವೇ ಆಗಿ ಉಳಿಯಿತು.

ಅದು ಅವರ ಒಳ್ಳೆಯ ಕಾಲ. ಸರಜಾಕ್ ಒಂದಾದ ಮೇಲೊಂದು ಕೆಲಸ ಕೊಟ್ಟ. ಊರಲ್ಲಿ ಇಪ್ಪತ್ತೈದು ಎಂಬುದು ನಗೆಮಾತಾಯಿತು. ನಮ್ಮಜ್ಜಿಯ ಟೀವಿಯಲ್ಲಿ ಹಳೆಯ ಚಿತ್ರ ಬಂದರೆ ಅವರು ಬಾಗಿಲಲ್ಲಿ ನಿಂತು ಬೆರಳಾಡಿಸಿ, "ಓಡ್ತಾ ಇದಾನೆ ನೋಡಿ, ಇಪ್ಪತ್ತೈದು!" ಎಂದು ನಗುತ್ತ ಹೋಗುತ್ತಿದ್ದರು.

ಎರಡು ಚಳಿಗಾಲ ಹೀಗೆ ಕಳೆಯಿತು. ಮೂರನೆಯದರಲ್ಲಿ ಸೊಲಾಂಜ್ ಒಂದನ್ನು ಗಮನಿಸತೊಡಗಿದರು. ರೊಟ್ಟಿ ಅಂಗಡಿಯ ರೇಡಿಯೊದಲ್ಲಿ ಹಾಡು ಬರುತ್ತಿದ್ದಾಗ ಗಂಡ ಮುಖ ಸಿಂಡರಿಸಿ, "ಇವನ ಯಂತ್ರಾನೂ ಬೇಗ ಓಡ್ತಿದೆ," ಎಂದರು. ಮಗ್ಗುಲ ಮನೆಯವರ ಗ್ರಾಮಫೋನ್ ಕೇಳಿ, "ಮೋಟಾರು ಸರಿಯಿಲ್ಲ, ಓಡಿಸ್ಬಿಟ್ಟಿದಾರೆ," ಎಂದರು. ನದಿದಂಡೆಯ ಕುಣಿತದ ಅಂಗಳದಲ್ಲಿ ಮುದುಕನೊಬ್ಬ ಅಕಾರ್ಡಿಯನ್ ನುಡಿಸುತ್ತಿದ್ದ. ಅದಕ್ಕೆ ಮೋಟಾರೂ ಇಲ್ಲ, ಚಕ್ರವೂ ಇಲ್ಲ. "ಹಳೇ ಪೆಟ್ಟಿಗೆ, ಮೇಲಿನ ಶ್ರುತಿಗೆ ಮಾಡಿರ್ತಾರೆ," ಎಂದರು ಬ್ರಿದೂ. ಸೊಲಾಂಜ್ ಅವರ ತೋಳು ಹಿಡಿದು ನಡೆಯುತ್ತಿದ್ದರು. ಕಳೆದ ಬೇಸಿಗೆಯಲ್ಲಿ ಅದೇ ಮುದುಕ ಅದೇ ಪೆಟ್ಟಿಗೆ ನುಡಿಸಿದಾಗ ಇವರು ಶ್ರುತಿ ಸೊಗಸಾಗಿದೆ ಎಂದು ಅವನಿಗೆ ಒಂದು ಫ್ರಾಂಕ್ ಕೊಟ್ಟದ್ದು ಅವರಿಗೆ ನೆನಪಿತ್ತು.

ಲೋಕದಲ್ಲಿ ಎಲ್ಲವೂ ಒಮ್ಮೆಲೇ ಬೇಗ ಓಡತೊಡಗಿದ ಹಾಗಿತ್ತು.

ಸರಜಾಕ್‌ನ ಹೊಸ ಚಿತ್ರದಲ್ಲಿ ಒಂದು ದೋಣಿಯ ಕೊಂಬಿತ್ತು. ನದಿಯ ಮೇಲೆ ಮಂಜು, ದೋಣಿ ಕಾಣುವುದಿಲ್ಲ, ಕೊಂಬು ಮಾತ್ರ ಹತ್ತಿರ ಬರುತ್ತದೆ. ಬ್ರಿದೂ ಅವರು ನೋಡಿಬಂದು, "ಫಾ, ಸೊಲಾಂಜ್. ನಮ್ಮ ಸೈರನ್ನಿನ ತಮ್ಮ," ಎಂದು ಖುಷಿಯಿಂದ ಬರೆಯಲು ಕೂತರು. ಈ ಸಲ ಗುನುಗುತ್ತ ಬರೆದರು. ಬರೆದ ಹಾಳೆಗಳು ನಕಲಿಗಾಗಿ ಸೊಲಾಂಜ್‌ರ ಮೇಜಿನ ಮೇಲೆ ಬಂದವು.

ಮರುದಿನ ಬೆಳಗ್ಗೆ ಬಚ್ಚಲುಮನೆಯಿಂದ ಸ್ವರ ಬಂತು. ಸೊಲಾಂಜ್ ಫೋನೆತ್ತಿದರು. ಈಚೆಗೆ ಸರಿಯಾಗಿ ಕೇಳದೆ ಅಭ್ಯಾಸದಿಂದಲೇ ಕೂಗುತ್ತಿದ್ದವರು ಅವತ್ತು ಗಮನವಿಟ್ಟು ಕೇಳಿದರು. ಒಂದು ಕಿವಿಯಲ್ಲಿ ಫೋನು, ಇನ್ನೊಂದರಲ್ಲಿ ಗಂಡ. ಎರಡರ ನಡುವೆ ಸಣ್ಣ ಸಂದು ಇತ್ತು.

"ಇನ್ನೊಂದ್ಸಲ ಹಾಡು," ಎಂದರು.

"ಯಾಕೆ?"

"ಲಾರಿ ಹೋಯ್ತು, ಕೇಳಿಸ್ಲಿಲ್ಲ."

ಲಾರಿ ಹೋಗಿರಲಿಲ್ಲ. ಬೀದಿಯಲ್ಲಿ ಮಂಜು ಬಿಟ್ಟು ಏನೂ ಇರಲಿಲ್ಲ. ಅವರು ಮತ್ತೆ ಹಾಡಿದರು. ಸೊಲಾಂಜ್ ಮದುವೆಗೆ ಮುಂಚೆ ಇಗರ್ಜಿಯ ಮೇಳದಲ್ಲಿ ಹಾಡಿದವರು. ಗಂಡನಂತೆ ಸ್ವರದ ಹೆಸರು ಹೇಳುವ ಕಿವಿ ಅವರದಲ್ಲ, ಆದರೆ ಎರಡು ಸ್ವರ ಪಕ್ಕಪಕ್ಕ ಇಟ್ಟರೆ ನಡುವಿನ ಅಂತರ ತಿಳಿಯುತ್ತದೆ. ಗಂಡನ ಲಾ ಫೋನಿನ ಲಾಗಿಂತ ಅರ್ಧ ಸ್ವರ ಕೆಳಗಿತ್ತು.

"ಸರಿ ಇದೆ!" ಎಂದು ಕೂಗಿದರು.

ಆ ಮಧ್ಯಾಹ್ನ ಅವರು ಬಾಗಿಲು ಹಾಕಿಕೊಂಡು ನಕಲಿಗೆ ಕೂತರು. ಗಂಡ ಫಾ ಎಂದು ಬರೆದಲ್ಲಿ ಮಿ ಎಂದು ಬರೆದರು. ಪ್ರತಿ ಹಾಳೆಯಲ್ಲೂ, ಪ್ರತಿ ವಾದ್ಯಕ್ಕೂ, ಒಂದೊಂದು ಸ್ವರವನ್ನೂ ಅರ್ಧ ಕೆಳಗೆ ಇಳಿಸಿದರು. ಅಳಿಸಿ ಬರೆಯಬೇಕಾಗಿ ಬರದಂತೆ ನಿಧಾನವಾಗಿ ಬರೆದರು. ತಾನು ಮಾಡುತ್ತಿರುವುದು ಸರಿ ಎಂಬ ಖಾತ್ರಿ ಅವರಿಗಿರಲಿಲ್ಲ. ದೋಣಿಯ ಕೊಂಬನ್ನು ಅವರು ಕೇಳಿಯೇ ಇರಲಿಲ್ಲ. ಅದು ನಿಜವಾಗಿ ಫಾ ಆಗಿದ್ದರೆ, ಗಂಡನ ಹೆಸರನ್ನು ಎಲ್ಲರೆದುರು ಹಾಳುಮಾಡಿದವರು ಅವರೇ ಆಗುತ್ತಿದ್ದರು. ಕೇಳಿ ನೋಡೋಣವೆಂದರೆ ಯಾರನ್ನು ಕೇಳುವುದು? ಕೇಳಿದ ಕೂಡಲೇ ವಿಷಯ ಹೊರಗೆ ಬಿದ್ದ ಹಾಗೆ.

ರೆಕಾರ್ಡಿಂಗ್‌ಗೆ ಸೊಲಾಂಜ್ ಎಂದೂ ಹೋಗುತ್ತಿರಲಿಲ್ಲ. ಅವತ್ತು ಹೋದರು. ಗೋಡೆಯ ಹತ್ತಿರದ ಕುರ್ಚಿಯಲ್ಲಿ ಕೋಟು ಬಿಚ್ಚದೆ, ಕೈಚೀಲ ಮಡಿಲಲ್ಲಿಟ್ಟುಕೊಂಡು ಕೂತರು. ಓಬೋ ಲಾ ಊದಿತು. ಬ್ರಿದೂ ಅವರು ತಮ್ಮ ಜಾಗದಲ್ಲಿ ನಿಂತು ಅದನ್ನು ಕೇಳಿದರು. ಅವರ ಹುಬ್ಬು ಸ್ವಲ್ಪ ಗಂಟಿಕ್ಕಿತು. 'ಇವನೂ ಬೇಗ' ಎನ್ನಲು ಓಬೋದಲ್ಲಿ ಓಡುವಂಥದ್ದು ಏನೂ ಇರಲಿಲ್ಲ. ಕನ್ನಡಕ ಒರೆಸಿಕೊಂಡು ತಮ್ಮ ಪ್ರತಿ ಬಿಡಿಸಿದರು.

ಆಗ ಬೆಬೆರ್ ದೊಡ್ಡ ಪಿಟೀಲಿನ ಹಿಂದಿನಿಂದ ತಲೆ ಹೊರಹಾಕಿದ.

"ಮೇಷ್ಟ್ರೇ, ಈ ಕೊಂಬಿನ ಕೆಳಗೆ ನನಗೆ ಉದ್ದಕ್ಕೂ ಮಿ ಇದೆ. ಆ ಸೈರನ್ ದಿನದ ಹಾಗೆ ಮಿ ಬರೆದು ಆಮೇಲೆ ಫಾ ಅನ್ನಲ್ಲ ತಾನೆ? ಈಗ್ಲೇ ಹೇಳ್ಬಿಡಿ, ನನಗೆ ವಯಸ್ಸಾಯ್ತು."

ವಾದ್ಯಗಾರರು ನಕ್ಕರು. ಗಾಜಿನ ಹಿಂದೆ ಸರಜಾಕ್ ಕೂಡ ನಕ್ಕ.

ಬ್ರಿದೂ ಅವರು ತಮ್ಮ ಪ್ರತಿಯ ಮೇಲೆ ಬಗ್ಗಿದರು. ತಮ್ಮದೇ ಕೈಯಲ್ಲಿ, ದುಂಡಗೆ, ಫಾ ಎಂದಿತ್ತು. ಬೆರಳನ್ನು ಅದರ ಮೇಲಿಟ್ಟರು. ಆ ಹಾಳೆ ಮತ್ತು ಬೆಬೆರ್‌ನ ಹಾಳೆಯ ನಡುವೆ ಇದ್ದದ್ದು ಒಂದೇ ಕೈ. ಅವರು ತಲೆಯೆತ್ತಿ, ಮೊದಲು ಓಬೋದವನನ್ನು, ಆಮೇಲೆ ಗೋಡೆಯ ಹತ್ತಿರ ಕೂತಿದ್ದ ಹೆಂಡತಿಯನ್ನು ನೋಡಿದರು. ಸೊಲಾಂಜ್ ಕೈಚೀಲವನ್ನು ಎರಡು ಕೈಯಲ್ಲೂ ಬಿಗಿಯಾಗಿ ಹಿಡಿದಿದ್ದರು. ಗಂಡನ ಮೇಲಿಟ್ಟ ಕಣ್ಣು ಕದಲಿಸಲಿಲ್ಲ.

ನಗು ಒಂದೊಂದಾಗಿ ನಿಂತಿತು.

"ನಿನ್ನ ಹಾಳೇಲಿ ಮಿ ಇದೆಯಾ?" ಎಂದು ಬ್ರಿದೂ ಅವರು ಕೇಳಿದರು.

"ಮಿ ಇದೆ."

"ಹಾಗಾದ್ರೆ ಮಿ ಬಾರಿಸು."

ದೀಪ ಆರಿತು. ಪರದೆಯ ಮೇಲೆ ಮಂಜು ತುಂಬಿತು. ಕಾಣದ ದೋಣಿಯ ಕೊಂಬು ಊದಿತು, ಬ್ರಿದೂ ಅವರ ಕೈ ಇಳಿಯಿತು, ತಂತಿಗಳು ಕೊಂಬಿನ ಅಡಿಯಿಂದ ಎದ್ದುಬಂದವು. ಒಂದು ಕೂದಲಿನಷ್ಟೂ ಸಂದು ಇರಲಿಲ್ಲ. ಕೊಂಬು ನಿಂತದ್ದು ಯಾರಿಗೂ ತಿಳಿಯಲಿಲ್ಲ. ಕೋಣೆಯಲ್ಲಿ ಯಾರೋ ಹಿಂದೆ ಬಂದು ನಿಂತ ಹಾಗೆ ಎಲ್ಲರೂ ಭುಜ ಕುಗ್ಗಿಸಿದರು. ಅವರು ಬರೆದ ಹೆದರಿಕೆಗಳಲ್ಲೆಲ್ಲ ಅದೇ ದೊಡ್ಡದು ಎಂದು ಕೆಮೆನೆರ್ ಈಗಲೂ ಹೇಳುತ್ತಾನೆ. ಬ್ರಿದೂ ಅವರಿಗೂ ಎಲ್ಲ ಸರಿಯಾಗಿಯೇ ಕೇಳುತ್ತಿತ್ತು. ಮಿ ನುಡಿಯುತ್ತಿತ್ತು, ಅವರ ಕಿವಿಗೆ ಫಾ ಆಗಿ ಬರುತ್ತಿತ್ತು, ಅವರ ಪ್ರತಿಯಲ್ಲೂ ಫಾ ಎಂದೇ ಇತ್ತು. ಬೆಬೆರ್ ಕೇಳದಿದ್ದರೆ ಅವರಿಗೆ ಎಂದೂ ಗೊತ್ತಾಗುತ್ತಲೇ ಇರಲಿಲ್ಲ.

"ಕಿವಿ ಅಂದ್ರೆ ಇದಪ್ಪ," ಎಂದು ಸರಜಾಕ್ ಅವರ ಬೆನ್ನು ತಟ್ಟಿದ. "ಇನ್ನೂ ಎರಡು ಚಿತ್ರ ಇದೆ, ಬ್ರಿದೂ. ಎಲ್ಲಿಗೂ ಹೋಗ್ಬೇಡಿ."

ಗಂಡ ಹೆಂಡತಿ ನದಿದಂಡೆಯಲ್ಲಿ ನಡೆದುಕೊಂಡೇ ಮನೆಗೆ ಬಂದರು. ಲೀಕ್ ಸೊಪ್ಪಿನ ಸೂಪು ಕುಡಿದು ಮಲಗಿದರು.

ಬೆಳಗಾಯಿತು. ಸೊಲಾಂಜ್ ಕಾಫಿ ಇಟ್ಟು ಒಲೆಯ ಮುಂದೆಯೇ ನಿಂತಿದ್ದರು. ಇವತ್ತು ಸ್ವರ ಬರುವುದಿಲ್ಲ ಎಂದುಕೊಂಡಿದ್ದರು. ನಲ್ಲಿಯ ಸದ್ದು ನಿಂತಿತು. ಬಹಳ ಹೊತ್ತು ಏನೂ ಇಲ್ಲ. ಆಮೇಲೆ ಬಚ್ಚಲುಮನೆಯಿಂದ, ಯಾವಾಗಿನಷ್ಟೇ ಗಟ್ಟಿಯಾಗಿ, ಸ್ವರ ಬಂತು.

ಸೊಲಾಂಜ್ ಹೋಗಿ ಫೋನೆತ್ತಿದರು. ಕಿವಿಗಿಟ್ಟುಕೊಂಡರು. ಸಂದು ಅಲ್ಲೇ ಇತ್ತು.

"ಸರಿ ಇದೆ!" ಎಂದರು.

ಫೋನೋ ನಾನೋ ಎಂಬ ಪ್ರಶ್ನೆ ಬರಲಿಲ್ಲ. ಬ್ರಷ್ಷು ಸೋಪಿನ ಬಟ್ಟಲಿಗೆ ತಗಲಿದ ಸದ್ದು ಕೇಳಿತು.

"ಥ್ಯಾಂಕ್ಸ್, ಸೊಲಾಂಜ್," ಎಂದರು ಬ್ರಿದೂ.

ಅಷ್ಟು ವರ್ಷಗಳಲ್ಲಿ ಅದಕ್ಕೆ ಅವರು ಥ್ಯಾಂಕ್ಸ್ ಹೇಳಿದ್ದು ಅದೇ ಮೊದಲು. ರಿಸೀವರ್ ಇನ್ನೂ ಸೊಲಾಂಜ್‌ರ ಕೈಯಲ್ಲೇ ಇತ್ತು, ಅದರೊಳಗೆ ಲಾ ಒಂದೇ ಸಮನೆ ಕೂಗುತ್ತಿತ್ತು. ಅವರು ಅದನ್ನು ಮೆಲ್ಲಗೆ, ಸದ್ದಾಗದಂತೆ, ಕೆಳಗಿಟ್ಟರು.